ತಂದೆಯ ಹೆಸರಿನ ಭಾರ

ಕೇಶಿರಾಜನು ‘ಶಬ್ದಮಣಿದರ್ಪಣ’ದ ಪೀಠಿಕೆಯಲ್ಲಿ ತನ್ನನ್ನು ಪರಿಚಯಿಸಿಕೊಳ್ಳುವ ಬಗೆ ನನಗೆ ಸದಾ ಪ್ರಿಯವಾದುದು. ತಾನು ಸುಮನೋಬಾಣನ ಮಗಳ ಮಗ, ಜನ್ನನ ಸೋದರಳಿಯ, ಮಲ್ಲಿಕಾರ್ಜುನನ ಮಗ ಎಂದು ಅವನು ಹೆಮ್ಮೆಯಿಂದ ಹೇಳಿಕೊಳ್ಳುತ್ತಾನೆ. ಕಾವ್ಯಲೋಕದಲ್ಲಿ ವಂಶವು ಭೂಷಣವಾಯಿತು. ಕ್ರೀಡಾಲೋಕದಲ್ಲಿ ಅದೇ ಸಂಬಂಧ ಆರೋಪವಾಗಬಲ್ಲದು. ಸ್ಟುವರ್ಟ್ ಬಿನ್ನಿಯವರ ಆಟದ ಬದುಕನ್ನು ನೆನೆದಾಗ ನನಗೆ ಈ ವ್ಯತ್ಯಾಸ ಕಾಡುತ್ತದೆ.

ತಂದೆ ರೋಜರ್ ಬಿನ್ನಿ 1977-78ರಲ್ಲಿ ಚಿಕ್ಕಮಗಳೂರಿನಲ್ಲಿ ಕೇರಳದ ವಿರುದ್ಧ ಸಂಜಯ್ ದೇಸಾಯಿಯವರೊಡನೆ ಮೊದಲ ವಿಕೆಟ್‌ಗೆ ಮುರಿಯದ 451 ರನ್ನುಗಳ ಜೊತೆಯಾಟವಾಡಿದವರು. 1983ರ ವಿಶ್ವಕಪ್ಪಿನಲ್ಲಿ 18 ವಿಕೆಟ್ ಪಡೆದು ಎಲ್ಲರಿಗಿಂತ ಮುಂದಿದ್ದವರು. ಮಗ ಹುಟ್ಟಿದ್ದು ಅದರ ಮರುವರ್ಷ, ಬೆಂಗಳೂರಿನಲ್ಲಿ. 2014ರಲ್ಲಿ ಮಗ ಭಾರತ ತಂಡಕ್ಕೆ ಬಂದಾಗ ತಂದೆ ಆಯ್ಕೆ ಸಮಿತಿಯ ಸದಸ್ಯರಾಗಿದ್ದರು. ಮಗನ ಹೆಸರು ಚರ್ಚೆಗೆ ಬಂದಾಗ ಅವರು ಸಭೆಯಿಂದ ಹೊರಗುಳಿಯುತ್ತಿದ್ದರೆಂದು ವರದಿಗಳಿದ್ದವು. ಆದರೂ ‘ಅಪ್ಪನಿದ್ದಾರಲ್ಲ’ ಎಂಬ ಮಾತು ನಿಲ್ಲಲಿಲ್ಲ. ಆ ಮಾತನ್ನು ಗೆಳೆಯರ ನಡುವೆ ನಾನೂ ಆಡಿದ್ದೇನೆ, ನಕ್ಕಿದ್ದೇನೆ.

ಆ ವರ್ಷದ ಜೂನ್ 17ರಂದು ಢಾಕಾದಲ್ಲಿ ಭಾರತ 105 ರನ್ನಿಗೆ ಕುಸಿದಿತ್ತು. ಆಗ ಸ್ಟುವರ್ಟ್ 4.4 ಓವರುಗಳಲ್ಲಿ ಕೇವಲ 4 ರನ್ ಕೊಟ್ಟು 6 ವಿಕೆಟ್ ಕಿತ್ತರು. ಬಾಂಗ್ಲಾದೇಶ 58ಕ್ಕೆ ಮುಗಿಯಿತು. ಏಕದಿನ ಪಂದ್ಯಗಳಲ್ಲಿ ಭಾರತೀಯನೊಬ್ಬನ ಶ್ರೇಷ್ಠ ಬೌಲಿಂಗ್ ಎನಿಸಿದ್ದ, 1993ರ ಅನಿಲ್ ಕುಂಬ್ಳೆಯವರ 12ಕ್ಕೆ 6 ಹಿಂದೆ ಸರಿಯಿತು. ಮುಂದಿನ ತಿಂಗಳು ಟ್ರೆಂಟ್ ಬ್ರಿಜ್‌ನ ಚೊಚ್ಚಲ ಟೆಸ್ಟಿನ ಎರಡನೆಯ ಇನಿಂಗ್ಸಿನಲ್ಲಿ ಅವರು 78 ರನ್ ಗಳಿಸಿ ಪಂದ್ಯ ಡ್ರಾ ಆಗಲು ನೆರವಾದರು. 2016ರಲ್ಲಿ ಫ್ಲಾರಿಡಾದ ಲಾಡರ್‌ಹಿಲ್‌ನಲ್ಲಿ ಅವರ ಒಂದೇ ಓವರಿನಲ್ಲಿ 32 ರನ್ನುಗಳು ಹೋದವು. ಭಾರತ ಒಂದು ರನ್ನಿನಿಂದ ಸೋತಿತು. ಅದೇ ಅವರ ಕೊನೆಯ ಅಂತಾರಾಷ್ಟ್ರೀಯ ಪಂದ್ಯ.

ಜನರ ನೆನಪು ಈ ಎರಡು ತುದಿಗಳನ್ನೇ ಹಿಡಿದಿದೆ. ನಡುವಿನ ಪುಟಗಳನ್ನು ಓದಿದವರು ಕಡಿಮೆ. ಮಾನ್ಯತೆಯಿಲ್ಲದ ಇಂಡಿಯನ್ ಕ್ರಿಕೆಟ್ ಲೀಗಿಗೆ ಹೋಗಿ, ಮರಳಿ ಬಂದು, 2013-14 ಮತ್ತು 2014-15ರಲ್ಲಿ ಕರ್ನಾಟಕ ಸತತವಾಗಿ ರಣಜಿ ಗೆದ್ದಾಗ ತಂಡದಲ್ಲಿದ್ದವರು ಅವರು. 95 ಪ್ರಥಮ ದರ್ಜೆ ಪಂದ್ಯಗಳಲ್ಲಿ 4,796 ರನ್, 148 ವಿಕೆಟ್. ಅಪ್ಪನ ಹೆಸರು ಬಾಗಿಲು ತೆರೆಸಬಹುದೇನೋ. ಇಷ್ಟು ದೀರ್ಘಕಾಲ ಒಳಗೆ ಉಳಿಸಲಾರದು.

ಅವರು ಮಹಾನ್ ಆಟಗಾರರೆಂದು ನಾನು ವಾದಿಸುತ್ತಿಲ್ಲ. ಆರು ಟೆಸ್ಟುಗಳಲ್ಲಿ ದೊರೆತದ್ದು ಮೂರೇ ವಿಕೆಟ್. ಆದರೆ ಕೃತಿಯನ್ನು ಓದದೆ ಕವಿಯ ಕುಲವನ್ನು ಮಾತ್ರ ಓದಿ ತೀರ್ಪು ಕೊಡುವ ವಿಮರ್ಶಕನನ್ನು ನಾವು ಒಪ್ಪುವುದಿಲ್ಲ. ಅಂದು ನಕ್ಕ ನಾನು ಮಾಡಿದ್ದು ಅದೇ ತಪ್ಪು.