ಆಟಕ್ಕೂ ಒಂದು ಆನ್‌ಸೈಟ್

ನಮ್ಮ ಪೀಳಿಗೆಗೆ 'ಆನ್‌ಸೈಟ್' ಅನ್ನೋ ಪದದ ಅರ್ಥ ಬಿಡಿಸಿ ಹೇಳಬೇಕಿಲ್ಲ. ವೀಸಾ ಹಾಕಿಸಿಕೊಂಡು, ಸೂಟ್‌ಕೇಸಿನ ಮೂಲೆಮೂಲೆಗೆ ಚಟ್ನಿಪುಡಿ ಪೊಟ್ಟಣ ತುರುಕಿ, ಮೂರು ತಿಂಗಳೋ ಆರು ತಿಂಗಳೋ ಪರದೇಶದಲ್ಲಿ ಕೆಲಸ ಮಾಡಿ ವಾಪಸ್ ಬರೋದು. ಆಟಗಾರರಿಗೂ ಇಂಥದ್ದೇ ಒಂದು ಆನ್‌ಸೈಟ್ ಇದೆ. ಟಿವಿಯಲ್ಲಿ ನಾವು ನೋಡೋದು ಹೆಚ್ಚಾಗಿ ದೇಶದ ಜೆರ್ಸಿ ಹಾಕಿಕೊಂಡು ಆಡೋ ಆಟ. ಅದರಲ್ಲಿ ಬಾವುಟ ಇರುತ್ತೆ. ವಿದೇಶದ ಯಾವುದೋ ಊರಿನ ಕ್ಲಬ್ಬಿಗೆ ಸಂಬಳಕ್ಕೆ ಆಡೋದರಲ್ಲಿ ಬಾವುಟ ಇರಲ್ಲ, ಕಾಂಟ್ರ್ಯಾಕ್ಟ್ ಇರುತ್ತೆ.

ಇದರ ಬಗ್ಗೆ ನಾನು ಕೂತು ಯೋಚಿಸೋ ಹಾಗೆ ಮಾಡಿದವನು ನಮ್ಮಣ್ಣ. ಅವನ ಮನೆ ಶಿವಮೊಗ್ಗದ ಆಲ್ಕೊಳದಲ್ಲಿ. ಮಗಳು ಫಸ್ಟ್ ಪಿಯು ಸೈನ್ಸ್. ಏಳನೇ ಕ್ಲಾಸಿನಿಂದ ಬ್ಯಾಸ್ಕೆಟ್‌ಬಾಲ್ ಹುಚ್ಚು. ಟ್ಯೂಷನ್ ಬ್ಯಾಗಿನಲ್ಲೂ ಶೂ ಇರುತ್ತೆ. ಒಂದು ರಾತ್ರಿ ಅಣ್ಣ ಫೋನ್ ಮಾಡಿ, "ನೀನು ಬೆಂಗಳೂರಲ್ಲಿರ್ತೀಯ, ನಾಲ್ಕು ಜನರನ್ನ ನೋಡಿರ್ತೀಯ. ಫಾರಿನ್ ಲೀಗಲ್ಲಿ ಆಡ್ತೀನಿ ಅಂತಾಳೆ ಇವಳು. ಇದರಲ್ಲಿ ಹೊಟ್ಟೆ ತುಂಬುತ್ತಾ? ತುಂಬಲ್ಲ ಅಂದ್ರೆ ನೀನೇ ಹೇಳಿಬಿಡು, ನಿನ್ನ ಮಾತು ಕೇಳ್ತಾಳೆ" ಅಂದ. ಒಂದು ವಾರ ಟೈಮ್ ಕೊಡು ಅಂದೆ. ಹದಿನಾರರ ಹುಡುಗಿಗೆ ಬೇಡ ಅನ್ನೋಕೆ ಎರಡು ನಿಮಿಷ ಸಾಕು, ಆದರೆ ಆ ಎರಡು ನಿಮಿಷ ಅವಳಿಗೆ ಎಷ್ಟು ವರ್ಷ ನೆನಪಿರುತ್ತೋ ಯಾರಿಗೆ ಗೊತ್ತು?

ಮೊದಲು ಬ್ಯಾಸ್ಕೆಟ್‌ಬಾಲನ್ನೇ ನೋಡೋಣ. ಕೇರಳದ ಗೀತು ಅನ್ನಾ ಜೋಸ್ 2006ರಲ್ಲಿ ಆಸ್ಟ್ರೇಲಿಯಾದ ರಿಂಗ್‌ವುಡ್ ಹಾಕ್ಸ್ ಕ್ಲಬ್ಬಿಗೆ ಆಡೋಕೆ ಹೋದರು. 2011ರಲ್ಲಿ ಅಮೆರಿಕದ ಡಬ್ಲ್ಯುಎನ್‌ಬಿಎ ತಂಡಗಳ ಟ್ರಯಲ್ಸ್‌ವರೆಗೂ ತಲುಪಿದರು. ಊರಲ್ಲಿ ಅವರ ಕೈಹಿಡಿದಿದ್ದು ದಕ್ಷಿಣ ರೈಲ್ವೆಯ ನೌಕರಿ. ಪಂಜಾಬಿನ ಬಲ್ಲೋ ಕೆ ಹಳ್ಳಿಯ ಸತ್ನಾಮ್ ಸಿಂಗ್‌ರನ್ನು 2015ರ ಎನ್‌ಬಿಎ ಡ್ರಾಫ್ಟ್‌ನಲ್ಲಿ ಡಲ್ಲಾಸ್ ಮ್ಯಾವರಿಕ್ಸ್ 52ನೆಯವರಾಗಿ ಆರಿಸಿತು. ದೇಶವೇ ಕುಣಿದಾಡಿತು. ಆದರೆ ಎನ್‌ಬಿಎ ಅಂಗಳದಲ್ಲಿ ಒಂದು ಲೀಗ್ ಪಂದ್ಯ ಆಡೋ ಯೋಗವೂ ಬರಲಿಲ್ಲ. ಕೆಳಗಿನ ಲೀಗು, ಕೆನಡಾ ಅಂತ ಸುತ್ತಿ ಈಗ ಕುಸ್ತಿ ಶೋಗಳಲ್ಲಿದ್ದಾರೆ. 2017ರಲ್ಲಿ ಅಮೃತ್‌ಪಾಲ್ ಸಿಂಗ್ ಸಿಡ್ನಿ ಕಿಂಗ್ಸ್ ಸೇರಿದರು. ಹೆಸರುಗಳು ಬೆರಳೆಣಿಕೆಯಷ್ಟೇ.

ಇವರೆಲ್ಲ ದೂರದವರಾದರು ಅನ್ನಿಸಿತು. ಹತ್ತಿರದವರು ಯಾರಾದರೂ ಇದ್ದಾರಾ ಅಂತ ಹುಡುಕಿದರೆ ಆಟ ಬದಲಾಯಿತು, ಊರು ಮಾತ್ರ ನಮ್ಮ ರೈಲಿನ ದಾರಿಯಲ್ಲೇ ಸಿಕ್ಕಿತು. ಶಿವಮೊಗ್ಗದಿಂದ ಬೆಂಗಳೂರಿಗೆ ರೈಲಿನಲ್ಲಿ ಬನ್ನಿ. ಭದ್ರಾವತಿ, ತರೀಕೆರೆ, ಬೀರೂರು, ಆಮೇಲೆ ಕಡೂರು. ಆ ಕಡೂರಿನ ಹುಡುಗಿ ವೇದಾ ಕೃಷ್ಣಮೂರ್ತಿ.

ಕರಾಟೆಯಲ್ಲಿ ಬ್ಲ್ಯಾಕ್ ಬೆಲ್ಟ್. ತಂದೆ ಊರಲ್ಲಿ ಕೇಬಲ್ ಆಪರೇಟರ್. ಕ್ರಿಕೆಟ್ ಕಲಿಯೋಕೆ ಅಂತ ಚಿಕ್ಕ ವಯಸ್ಸಿನಲ್ಲೇ ಬೆಂಗಳೂರು. 2011ರ ಜೂನ್‌ನಲ್ಲಿ, 18ರ ವಯಸ್ಸಲ್ಲಿ, ಇಂಗ್ಲೆಂಡ್ ವಿರುದ್ಧ ಡರ್ಬಿಯಲ್ಲಿ ಮೊದಲ ಏಕದಿನ ಪಂದ್ಯ, 51 ರನ್. ಅದೇ ಡರ್ಬಿಯಲ್ಲಿ 2017ರ ವಿಶ್ವಕಪ್ಪಿನಲ್ಲಿ ನ್ಯೂಜಿಲೆಂಡ್ ವಿರುದ್ಧ 45 ಎಸೆತಕ್ಕೆ 70. ಆ ವರ್ಷ ಲಾರ್ಡ್ಸ್ ಫೈನಲ್ಲಿನಲ್ಲಿ 9 ರನ್ನಿನಿಂದ ಸೋತಾಗ ನಾವೆಲ್ಲ ತಲೆ ಮೇಲೆ ಕೈಹೊತ್ತು ಕೂತಿದ್ದೆವು, ನೆನಪಿದೆಯಾ? ಅದಾಗಿ ಕೆಲವೇ ತಿಂಗಳಿಗೆ ವೇದಾ ಆಸ್ಟ್ರೇಲಿಯಾದ ಮಹಿಳಾ ಬಿಗ್ ಬ್ಯಾಷ್ ಲೀಗಿಗೆ, ಹೋಬಾರ್ಟ್ ಹರಿಕೇನ್ಸ್ ತಂಡಕ್ಕೆ ಆಡೋಕೆ ಹೋದರು. ಹೋಬಾರ್ಟ್ ಅಂದ್ರೆ ಟ್ಯಾಸ್ಮೇನಿಯಾ ದ್ವೀಪದ ರಾಜಧಾನಿ. ಆಸ್ಟ್ರೇಲಿಯಾದ ಮ್ಯಾಪ್‌ನಲ್ಲಿ ತಳದಲ್ಲಿ ಪ್ರತ್ಯೇಕವಾಗಿ ಕೂತಿದೆಯಲ್ಲ, ಅದು. ಮುಂದಕ್ಕೆ ದಕ್ಷಿಣಕ್ಕೆ ಹೋದರೆ ಅಂಟಾರ್ಕ್ಟಿಕಾ.

ಈ ಆನ್‌ಸೈಟಿನ ರೂಲ್ಸ್ ನೋಡಿ. ಡಿಸೆಂಬರ್‌ನಲ್ಲಿ ಶುರುವಾಗಿ ಫೆಬ್ರವರಿ ಮೊದಲ ವಾರಕ್ಕೆ ಸೀಸನ್ ಮುಗೀತು. ಅಂದ್ರೆ ಎರಡು ತಿಂಗಳ ಕೆಲಸ. ಹನ್ನೊಂದು ಜನರಲ್ಲಿ ವಿದೇಶಿಯರಿಗೆ ಮೂರೇ ಜಾಗ, ಆದ್ದರಿಂದ ಹೊರಗಿನಿಂದ ಹೋದವರು ಲೋಕಲ್ ಆಟಗಾರ್ತಿಗಿಂತ ಸ್ವಲ್ಪ ಚೆನ್ನಾಗಿದ್ದರೆ ಸಾಲದು, ಬಹಳ ಚೆನ್ನಾಗಿರಬೇಕು. ಜೊತೆಗೆ ನಮ್ಮ ಬೋರ್ಡಿನ ಒಪ್ಪಿಗೆ ಪತ್ರ ಬೇಕು. ಬಿಸಿಸಿಐ ಹೆಣ್ಣುಮಕ್ಕಳಿಗೆ ಈ ಬಾಗಿಲು ತೆರೆದದ್ದೇ 2016ರಲ್ಲಿ. ಗಂಡಸರಿಗೆ ಇವತ್ತಿಗೂ ನಿವೃತ್ತಿ ಆಗದೆ ವಿದೇಶಿ ಟಿ20 ಲೀಗ್ ಇಲ್ಲ. ನಮ್ಮ ರಾಬಿನ್ ಉತ್ತಪ್ಪ 2022ರ ಸೆಪ್ಟೆಂಬರ್‌ನಲ್ಲಿ ನಿವೃತ್ತಿ ಹೇಳಿ, ಮುಂದಿನ ಜನವರಿಯಲ್ಲಿ ದುಬೈ ತಂಡಕ್ಕೆ ಆಡಿದರು. ಹಳೇ ಕಾಲದ ಕೌಂಟಿ ಕ್ರಿಕೆಟ್‌ಗೆ ಈ ತಾಪತ್ರಯ ಇರಲಿಲ್ಲ. 1995ರ ಒಂದೇ ಬೇಸಿಗೆಯಲ್ಲಿ ಕುಂಬ್ಳೆ ನಾರ್ಥಾಂಪ್ಟನ್‌ಶೈರ್‌ಗೆ 105 ವಿಕೆಟ್, ಶ್ರೀನಾಥ್ ಗ್ಲಾಸ್ಟರ್‌ಶೈರ್‌ಗೆ 87 ವಿಕೆಟ್ ತೆಗೆದು ಬಂದರು.

ಅಣ್ಣನಿಗೆ ಇಷ್ಟು ಹೇಳಿ ನಿಲ್ಲಿಸಿದ್ದರೆ ಚೆನ್ನಾಗಿರ್ತಿತ್ತು. ಆದರೆ ಕಥೆ ಅಲ್ಲಿಗೆ ಮುಗಿಯಲ್ಲವಲ್ಲ. 2020ರ ಮಾರ್ಚ್ 8ಕ್ಕೆ ಮೆಲ್ಬರ್ನ್‌ನಲ್ಲಿ ಟಿ20 ವಿಶ್ವಕಪ್ ಫೈನಲ್, 86,174 ಪ್ರೇಕ್ಷಕರು. ವೇದಾ ಭಾರತಕ್ಕೆ ಆಡಿದ ಕೊನೆಯ ಪಂದ್ಯ ಅದೇ. ಆಗ ಅವರಿಗೆ 27. ನಮ್ಮಲ್ಲಿ 27 ಅಂದ್ರೆ ಮೊದಲ ಪ್ರಮೋಷನ್ ಸಿಕ್ಕಿ ಕಾರ್ ಲೋನ್ ತಗೊಳ್ಳೋ ವಯಸ್ಸು. ಮರುವರ್ಷ ಕೋವಿಡ್ ಎರಡನೇ ಅಲೆಯಲ್ಲಿ, ಎರಡು ವಾರದೊಳಗೆ ತಾಯಿಯನ್ನೂ ಅಕ್ಕನನ್ನೂ ಕಳೆದುಕೊಂಡರು. 2023ರ ಫೆಬ್ರವರಿಯಲ್ಲಿ ನಮ್ಮದೇ ಮಹಿಳಾ ಪ್ರೀಮಿಯರ್ ಲೀಗಿನ ಮೊದಲ ಹರಾಜು ನಡೆದಾಗ ಯಾವ ತಂಡವೂ ಅವರನ್ನು ಕೊಳ್ಳಲಿಲ್ಲ. ಡಿಸೆಂಬರ್‌ನ ಹರಾಜಿನಲ್ಲಿ ಗುಜರಾತ್ ಜೈಂಟ್ಸ್ 30 ಲಕ್ಷಕ್ಕೆ ತಗೊಂಡಿತು. 2025ರ ಜುಲೈನಲ್ಲಿ ನಿವೃತ್ತಿ. ದೇಶಕ್ಕೆ ಆಡಿದ್ದು 48 ಏಕದಿನ, 76 ಟಿ20.

ಇದನ್ನ ಸೋಲು ಅಂತ ಓದಿದರೆ ತಪ್ಪಾಗುತ್ತೆ. ಹುಡುಗಿಯರಿಗೆ ದುಡ್ಡು ಕೊಡೋ ಲೀಗು ನಮ್ಮ ದೇಶದಲ್ಲಿ ಬರೋ ಹೊತ್ತಿಗೆ ಅವರ ಮೂವತ್ತು ದಾಟಿತ್ತು, ಅಷ್ಟೇ. ಹೋಬಾರ್ಟ್‌ಗೆ ಹೋದಾಗ ಇಲ್ಲಿ ಅಂಥದ್ದೊಂದು ಇರಲೇ ಇಲ್ಲ. ಬ್ಯಾಸ್ಕೆಟ್‌ಬಾಲ್ ಆಡೋ ನಮ್ಮ ಹುಡುಗಿಯರು ಇವತ್ತು ಬಹುಶಃ ಅದೇ ಜಾಗದಲ್ಲಿ ನಿಂತಿದ್ದಾರೆ.

ವಾರ ಮುಗಿದ ಮೇಲೆ ಅಣ್ಣನಿಗೆ ಫೋನ್ ಮಾಡಿ, ಸ್ಪೀಕರ್ ಹಾಕಿಸಿ, ಮಗಳನ್ನೂ ಕೂರಿಸಿ ಇದ್ದದ್ದನ್ನ ಇದ್ದ ಹಾಗೇ ಹೇಳಿದೆ. ಫಾರಿನ್ ಲೀಗ್ ಅನ್ನೋದು ಇದೆ, ನಿಜ. ಹೋದವರು ಕೆಲವೇ ಜನ. ಹೋದವರಿಗೂ ಅದು ಪೂರ್ತಿ ಜೀವನ ಅಲ್ಲ, ಎರಡು ತಿಂಗಳು, ಒಂದು ಸೀಸನ್. ಅದರ ಕೆಳಗೆ ನಿಲ್ಲೋಕೆ ಇನ್ನೊಂದು ನೆಲ ಬೇಕು. ಗೀತುಗೆ ಆ ನೆಲ ರೈಲ್ವೆ. ವೇದಾ ಕೂಡ ಕರ್ನಾಟಕಕ್ಕೂ ರೈಲ್ವೇಸ್‌ಗೂ ಆಡಿದವರು. ನಿನಗೆ ಅದು ಡಿಗ್ರಿ ಆಗಬಹುದು, ಸ್ಪೋರ್ಟ್ಸ್ ಕೋಟಾದ ಕೆಲಸ ಆಗಬಹುದು. ಯಾವುದು ಅಂತ ಈಗಲೇ ಹೇಳಬೇಕಾಗಿಲ್ಲ, ಎರಡೂ ಬಾಗಿಲು ತೆರೆದಿಟ್ಟುಕೋ ಅಂದೆ.

ಅವಳು ಕೇಳಿದ್ದು ಒಂದೇ ಪ್ರಶ್ನೆ: "ಹೋಬಾರ್ಟ್‌ನಲ್ಲಿ ಅವರಿಗೆ ಊಟಕ್ಕೆ ಏನ್ ಸಿಗ್ತಿತ್ತು?" ಅಣ್ಣ ಜೋರಾಗಿ ನಕ್ಕ. ಆಮೇಲೆ ಗಂಟಲು ಸರಿಮಾಡಿಕೊಂಡು, "ಸಿಇಟಿ ಬರೀಲಿ. ಬಾಲ್ ಅಂತೂ ಕಿತ್ಕೊಳ್ಳಲ್ಲ" ಅಂದ. ನಮ್ಮಣ್ಣನ ಬಾಯಲ್ಲಿ ಇದು ದೊಡ್ಡ ಮಾತು.

ನಿಮ್ಮನೆಯಲ್ಲೂ ಇಂಥ ಫೋನ್ ಬರಬಹುದು. ಮನೆಯಲ್ಲಿ ಓದಿಕೊಂಡು ಬೆಂಗಳೂರು ಸೇರಿದವರು ಅಂತ ನಮ್ಮ ಮಾತಿಗೆ ಸ್ವಲ್ಪ ತೂಕ ಜಾಸ್ತಿ. 'ಫ್ಯೂಚರ್ ಇಲ್ಲ' ಅಂದುಬಿಡೋದು ಸುಲಭ. ಹಾಗನ್ನೋ ಮೊದಲು ನಮ್ಮ ಕಾಂಟ್ರ್ಯಾಕ್ಟನ್ನೂ ಒಮ್ಮೆ ತೆಗೆದು ಓದಿಕೊಳ್ಳಿ. ಅದರಲ್ಲೂ ನೋಟಿಸ್ ಪೀರಿಯಡ್ ಅಂತ ಬರೆದಿರುತ್ತೆ, ಎರಡೋ ಮೂರೋ ತಿಂಗಳು.