ಜಮ್ಶೀದ್ ಗೋಲು ಹೊಡದದ್ದು ನಮ್ಮ ಬೆಂಗಳೂರಾಗ

ಬಾಳೆಹೊಸೂರಿನಲ್ಲಿ ಫುಟ್‌ಬಾಲ್ ಅಂದರೆ ನಮಗೆ ಮೊದಲು ನೆನಪಾಗುವುದು ಪಂಚರ್. ನಮ್ಮೂರ ಬಯಲಿನ ತುಂಬ ಜಾಲಿಮುಳ್ಳು. ಎರಡು ದಿನ ಉರುಳಿದ ಚೆಂಡು ಮೂರನೇ ದಿನ ಲಕ್ಷ್ಮೇಶ್ವರದ ಬಸ್ ಹತ್ತಲೇಬೇಕು. ಅಲ್ಲಿ ಸೈಕಲ್ ಅಂಗಡಿಯವ ಹೊಲಿಗೆ ಬಿಚ್ಚಿ, ಬ್ಲಾಡರಿಗೆ ತೇಪೆ ಹಾಕಿ, ಮತ್ತೆ ಹೊಲಿದು ಕೊಡುತ್ತಿದ್ದ. ಪ್ರತಿ ಸಲ ಒಂದೇ ಮಾತು: "ಇದರ ಬದ್ಲಿ ಕ್ರಿಕೆಟ್ ಆಡ್ರಲೇ, ನಿಮಗೂ ಸುಖ, ನನಗೂ ಸುಖ."

ಆ ಚೆಂಡನ್ನು ಊರಿಗೆ ತಂದವನು ನಮ್ಮ ಗೆಳೆಯ. ಅವನ ಹೆಸರು ಇಲ್ಲಿ ಬೇಡ. ಊರಲ್ಲಿ ಎಲ್ಲರೂ ಅವನನ್ನು ಕರೆಯುವುದು 'ಗೋವಾ' ಅಂತ. ನಾವೂ ಹಾಗೇ ಬರೆಯುತ್ತೇವೆ.

ಗೋವಾನ ಅಪ್ಪ ಅವ್ವ ಅವನಿನ್ನೂ ಕೂಸಿದ್ದಾಗ ವಾಸ್ಕೋಗೆ ದುಡಿಯಲು ಹೋದವರು. ಅಪ್ಪನದು ಗೌಂಡಿ ಕೆಲಸ, ಅವ್ವ ಕಲ್ಲು ಉಸುಕು ಹೊತ್ತಳು. ಮನೆ ಇದ್ದದ್ದು ಬೈನಾದ ಸಮುದ್ರದಂಡೆಯಲ್ಲಿ. ನಮ್ಮ ಸೀಮೆಯಿಂದ ಗುಳೆ ಹೋದವರಿಗೆ ಬೈನಾದ ಹೆಸರು ಗೊತ್ತೇ ಇರುತ್ತದೆ. ಅಲ್ಲಿ ಓಣಿ ಓಣಿಯಲ್ಲಿ ಕನ್ನಡ ಕೇಳುತ್ತಿತ್ತು. ಆ ಉಸುಕಿನಲ್ಲಿ ಬರಿಗಾಲಲ್ಲಿ ಆಡುತ್ತಾ ಅವನು ಚೆಂಡು ಕಲಿತ. 2015ರಲ್ಲಿ ಅಲ್ಲಿನ ಮನೆಗಳನ್ನು ಕೆಡವಿದರು. ಅಪ್ಪ ಅವ್ವ ಕೆಲಸ ಬಿಡಲಾಗದೆ ಅಲ್ಲೇ ಒಂದು ಬಾಡಿಗೆ ಖೋಲಿ ಹಿಡಿದರು. ಹದಿನಾಲ್ಕು ವರ್ಷದ ಮಗನನ್ನು ಊರಿಗೆ, ಆಯಿಯ ಹತ್ತಿರ ಕಳಿಸಿದರು. ಒಂದು ಬ್ಯಾಗು, ಒಂದು ಚೆಂಡು. ಆ ಹೊತ್ತಿಗೆ ಅಲ್ಲಿಯ ಒಂದು ಕ್ಲಬ್ಬಿನ ಹುಡುಗರ ತಂಡಕ್ಕೆ ಅವನು ಆರಿಸಿ ಬಂದಿದ್ದನಂತೆ. ವಾಸದ ಕಾಗದ ತಾ ಅಂದರು. ಮನೆಯೇ ಬಿದ್ದ ಮೇಲೆ ವಾಸದ ಕಾಗದ ಎಲ್ಲಿಂದ ತರುವುದು?

ಗೋವಾದಲ್ಲಿ ಅವನನ್ನು 'ಘಾಟಿ' ಅನ್ನುತ್ತಿದ್ದರು. ಘಟ್ಟದ ಮೇಲಿನವನು, ಕೂಲಿಯವನು ಅಂತ ಬೈಗುಳದ ಅರ್ಥ. ಇಲ್ಲಿಗೆ ಬಂದರೆ 'ಗೋವಾ'. ಅವನೇ ಒಮ್ಮೆ ನಕ್ಕು ಹೇಳಿದ: "ಅಲ್ಲಿ ಹೋದ್ರ ಇಲ್ಯಾಂವ, ಇಲ್ಲಿ ಬಂದ್ರ ಅಲ್ಯಾಂವ. ನಡುವ ಲೋಂಡಾ ಟೇಶನ್ನಿನ್ಯಾಗ ಇಳದಬಿಡ್ಲೇನು?"

ಇನ್ನು 'ನಾವು' ಯಾರೆಂದರೆ, ಅವನ ಜೊತೆ ಮುಳ್ಳು ತುಳಿದ ಮೂವರು. ಮೂವರೂ ಆಮೇಲೆ ಧಾರವಾಡಕ್ಕೆ ಹೋಗಿ ಪತ್ರಿಕೋದ್ಯಮ ಓದಿದೆವು. ಅವನು ಪಿಯುಸಿಗೆ ಬಿಟ್ಟು ಹೊಲಕ್ಕೆ ನಿಂತ.

2022ರ ಜನವರಿ 29, ಶನಿವಾರ. ಊರಿಗೆ ಬಂದಿದ್ದೆವು. ಕಟ್ಟೆಯ ಮೇಲೆ ನಾಲ್ವರೂ ಒಂದೇ ಫೋನಿಗೆ ತಲೆ ಕೊಟ್ಟು ಕೂತಿದ್ದೆವು. ಕೊಲ್ಕತ್ತಾದ ಎರಡು ಹಳೆಯ ವೈರಿ ತಂಡಗಳ ಮ್ಯಾಚು, ಈಸ್ಟ್ ಬೆಂಗಾಲ್ ಮತ್ತು ಮೋಹನ್ ಬಗಾನ್. ಆದರೆ ಆಟ ಕೊಲ್ಕತ್ತಾದಲ್ಲಲ್ಲ, ಗೋವಾದ ಫತೋರ್ಡಾದಲ್ಲಿ. ಕೊರೊನಾದಿಂದಾಗಿ ಆ ವರ್ಷ ಐಎಸ್‌ಎಲ್‌ನ ಎಲ್ಲಾ ಪಂದ್ಯ ಗೋವಾದಲ್ಲೇ, ಫೈನಲ್ ಒಂದು ಬಿಟ್ಟು ಉಳಿದವು ಖಾಲಿ ಕುರ್ಚಿಗಳ ಮುಂದೆ ನಡೆದವು. ನಮ್ಮ ಗೆಳೆಯನಿಗೆ ಆಟಕ್ಕಿಂತ ಆ ಸ್ಟೇಡಿಯಂ ನೋಡುವುದೇ ಹೆಚ್ಚಾಗಿತ್ತು. "ಆ ಗೋಡಿ ಹೊರಗ ನಿಂತು ಒಳಗಿನ ಕೂಗು ಕೇಳೀನಿ" ಅಂದ.

ಈಸ್ಟ್ ಬೆಂಗಾಲ್ ಮೊದಲು ಗೋಲು ಹೊಡೆಯಿತು. ಆಮೇಲೆ ಮೋಹನ್ ಬಗಾನ್ ಕಡೆಯಿಂದ ಒಬ್ಬ ಎಳೆಯ ಹುಡುಗ ಬದಲಿ ಆಟಗಾರನಾಗಿ ಇಳಿದ. ಇಳಿದು ಮೂರೇ ನಿಮಿಷ, ನಮ್ಮ ಫೋನಿನಲ್ಲಿ ಚಕ್ರ ಗಿರಗಿರ ತಿರುಗತೊಡಗಿತು. ತಿರುಗಿ ನಿಂತಾಗ ಆಟ 1-1 ಆಗಿತ್ತು. ಗೋಲು ನಮಗೆ ಕಾಣಲೇ ಇಲ್ಲ. ಕೊನೆಗೆ ಹೆಚ್ಚುವರಿ ನಿಮಿಷಗಳಲ್ಲಿ ಅದೇ ಹುಡುಗ ಮತ್ತೆರಡು ಹೊಡೆದ. 3-1. ವಯಸ್ಸು 21. ಐಎಸ್‌ಎಲ್‌ನಲ್ಲಿ ಅಷ್ಟು ಚಿಕ್ಕ ವಯಸ್ಸಿಗೆ ಅದುವರೆಗೆ ಯಾರೂ ಹ್ಯಾಟ್ರಿಕ್ ಹೊಡೆದಿರಲಿಲ್ಲ. ಹೆಸರು ಕಿಯಾನ್ ನಸ್ಸೀರಿ.

ಕಾಮೆಂಟರಿಯವರು ಪದೇ ಪದೇ ಅವನ ಅಪ್ಪನ ಹೆಸರು ಹೇಳಿದರು. ಜಮ್ಶೀದ್ ನಸ್ಸೀರಿ, ಇರಾನಿನವರು, ಒಂದು ಕಾಲಕ್ಕೆ ಇದೇ ಈಸ್ಟ್ ಬೆಂಗಾಲ್‌ನ ಮುಂಚೂಣಿ ಆಟಗಾರ. ಅಪ್ಪ ಕಟ್ಟಿದ ಮನೆಯ ಬಾಗಿಲನ್ನೇ ಮಗ ಒದ್ದಂತಾಯಿತು. ನಾವು ಕೇಕೆ ಹಾಕಿದೆವು. ಗೋವಾ ಮಾತ್ರ ಸುಮ್ಮನಿದ್ದ. ಸ್ವಲ್ಪ ಹೊತ್ತಾದ ಮೇಲೆ ಕೇಳಿದ: "ಅವರಪ್ಪ ಇರಾನಿನಾಂವ ಅಂತೀರಿ. ಮಗ ಹೆಂಗ ಇಲ್ಯಾಂವ ಆದ?"

ಆ ಪ್ರಶ್ನೆ ನಮ್ಮನ್ನು ಬಿಡಲಿಲ್ಲ. ಹುಡುಕಿ, ಓದಿ, ಒಂದೊಂದೇ ಸಂಗತಿಯನ್ನು ಅವನಿಗೆ ಫೋನಿನಲ್ಲಿ ಹೇಳುತ್ತಾ ಹೋದೆವು.

ಜಮ್ಶೀದ್ ಭಾರತಕ್ಕೆ ಬಂದದ್ದು ಚೆಂಡು ಆಡಲಿಕ್ಕಲ್ಲ, ಓದಲಿಕ್ಕೆ. ಅಲಿಗಢ ಮುಸ್ಲಿಂ ವಿಶ್ವವಿದ್ಯಾಲಯದಲ್ಲಿ ವಿದ್ಯಾರ್ಥಿ. ಅವರ ಜೊತೆ ಅಲ್ಲೇ ಇನ್ನಿಬ್ಬರು ಇರಾನಿಯರಿದ್ದರು, ಮಜೀದ್ ಬಿಸ್ಕರ್ ಮತ್ತು ಮಹಮೂದ್ ಖಬಾಜಿ. ಕಾಲೇಜು ತಂಡದಲ್ಲಿ ಆಡುತ್ತಿದ್ದ ಇವರು 1980ರಲ್ಲಿ ಈಸ್ಟ್ ಬೆಂಗಾಲ್ ಸೇರಿದರು. ಆ ವರ್ಷ ಕ್ಲಬ್ಬಿನ ದೊಡ್ಡ ಆಟಗಾರರು ಗುಂಪುಗಟ್ಟಿ ಬಿಟ್ಟು ಹೋಗಿದ್ದರು, ಹೆಚ್ಚಿನವರು ಮೊಹಮ್ಮಡನ್ ಸ್ಪೋರ್ಟಿಂಗ್‌ಗೆ. ತರಬೇತುದಾರ ಪಿ.ಕೆ. ಬ್ಯಾನರ್ಜಿ ಅವರ ಕೈಯಲ್ಲಿ ಉಳಿದದ್ದು ಅರೆಬರೆ ತಂಡ. ಅದಕ್ಕೆ ಈ ಹುಡುಗರು ಜೀವ ತುಂಬಿದರು. ಮಜೀದ್ ಹಿಂದಿನಿಂದ ಆಟ ಹೆಣೆದು ಚೆಂಡು ಒದಗಿಸುವವರು, ಜಮ್ಶೀದ್ ಮುಂದೆ ನಿಂತು ಬಲೆಗೆ ಸೇರಿಸುವವರು. ಅದೇ ವರ್ಷ ಮೋಹನ್ ಬಗಾನ್ ಜೊತೆ ಫೆಡರೇಷನ್ ಕಪ್ಪನ್ನು ಹಂಚಿಕೊಂಡರು. ಫೈನಲ್ 1-1.

ಅದೇ 1980ರ ಆಗಸ್ಟ್ 16ರಂದು ಈಡನ್ ಗಾರ್ಡನ್ಸ್‌ನಲ್ಲಿ ಈ ಎರಡೇ ತಂಡಗಳ ಪಂದ್ಯದ ವೇಳೆ ಗಲಾಟೆಯಾಗಿ, ಕಾಲ್ತುಳಿತಕ್ಕೆ ಸಿಕ್ಕಿ 16 ಜನ ಸತ್ತರು. ಮ್ಯಾಚು ನೋಡಲು ಹೋದ ಮಕ್ಕಳು ಮನೆಗೆ ಬರಲಿಲ್ಲ. ಆ ಊರಿನಲ್ಲಿ ಫುಟ್‌ಬಾಲ್ ಎಷ್ಟು ಹುಚ್ಚೋ ಅಷ್ಟೇ ದುಃಖ ಕೂಡ.

ಸೆಪ್ಟೆಂಬರ್ 22ಕ್ಕೆ ಇರಾಕ್ ಸೇನೆ ಇರಾನಿನೊಳಗೆ ನುಗ್ಗಿತು. ಮಜೀದ್ ಅವರ ಊರು ಖುರ್ರಮ್‌ಶಹರ್, ಗಡಿಯ ಪಕ್ಕದ ಬಂದರು. ಕೆಲವೇ ವಾರಗಳಲ್ಲಿ ಅದು ಇರಾಕಿನ ಪಾಲಾಯಿತು. 1982ರ ಮೇ 24ರಂದು ಇರಾನ್ ಅದನ್ನು ಮರಳಿ ಪಡೆಯುವಷ್ಟರಲ್ಲಿ ಊರು ಕಲ್ಲಿನ ಗುಡ್ಡೆಯಾಗಿತ್ತು. ಯುದ್ಧ ಮುಗಿದದ್ದು 1988ರಲ್ಲಿ. ಅಂದರೆ ಈ ಹುಡುಗರು ಕೊಲ್ಕತ್ತಾದಲ್ಲಿ ಗೋಲು ಹೊಡೆಯುತ್ತಿದ್ದಷ್ಟೂ ದಿನ ಅವರ ನಾಡು ಉರಿಯುತ್ತಲೇ ಇತ್ತು.

ಇದನ್ನು ಹೇಳಿದಾಗ ಗೋವಾ ಫೋನಿನ ಆಚೆ ಕಡೆ "ಹೂಂ" ಅಂದ. ಅಷ್ಟೇ. ಅವನ ತಲೆಯಲ್ಲಿ ಬೈನಾ ಬಂದಿತ್ತು ಅಂತ ನಮಗೆ ಗೊತ್ತಾಯಿತು. ಯುದ್ಧಕ್ಕೂ ಬುಲ್ಡೋಜರಿಗೂ ಹೋಲಿಕೆ ಮಾಡುವುದು ತಪ್ಪು, ಒಪ್ಪುತ್ತೇವೆ. ಆದರೆ ಮನೆ ಬಿದ್ದವನಿಗೆ ಅಷ್ಟೆಲ್ಲ ತೂಗಿ ನೋಡುವ ತಾಳ್ಮೆ ಎಲ್ಲಿಂದ ಬರಬೇಕು?

1982ರಲ್ಲಿ ಜಮ್ಶೀದ್, ಮಜೀದ್ ಇಬ್ಬರೂ ಮೊಹಮ್ಮಡನ್ ಸ್ಪೋರ್ಟಿಂಗ್ ಸೇರಿದರು. ಆ ಕ್ಲಬ್ 1983, 1984 ಎರಡೂ ವರ್ಷ ಫೆಡರೇಷನ್ ಕಪ್ ಗೆದ್ದಿತು. ಆಮೇಲೆ ಜಮ್ಶೀದ್ ಈಸ್ಟ್ ಬೆಂಗಾಲ್‌ಗೆ ವಾಪಸಾದರು. 1985ರ ಫೆಡರೇಷನ್ ಕಪ್ ಫೈನಲ್‌ನಲ್ಲಿ ಎದುರಿಗೆ ಮತ್ತೆ ಮೋಹನ್ ಬಗಾನ್. ಈಸ್ಟ್ ಬೆಂಗಾಲ್ 1-0ಯಿಂದ ಗೆದ್ದಿತು. ಆ ಒಂದು ಗೋಲು ಜಮ್ಶೀದ್ ಅವರದು. ಆಟ ನಡೆದದ್ದು ಎಲ್ಲಿ ಗೊತ್ತೇ? ಬೆಂಗಳೂರಿನಲ್ಲಿ.

ಇದು ಸಿಕ್ಕಾಗ ನಮಗಾದ ಖುಷಿ ಹೇಳತೀರದು. ಧಾರವಾಡದಿಂದಲೇ ಫೋನು ಮಾಡಿ ಕೂಗಿದೆವು: "ಲೇ ಗೋವಾ, ಜಮ್ಶೀದ್ ಗೋಲು ಹೊಡದದ್ದು ನಮ್ಮ ಬೆಂಗಳೂರಾಗಲೇ!" ಅವನು ತಣ್ಣಗೆ ಅಂದ: "ಬೆಂಗಳೂರು ನಮ್ದು ಯಾವಾಗ ಆತು?"

ಅವನ ಮಾತು ಬಿಡಿ. ಬೆಂಗಳೂರಿಗೂ ಕೊಲ್ಕತ್ತಾಕ್ಕೂ ಫುಟ್‌ಬಾಲ್ ನಂಟು ಜಮ್ಶೀದ್ ಅವರಿಗಿಂತ ಹಳೆಯದು. ಬೆಂಗಳೂರಿನ ಅಹ್ಮದ್ ಖಾನ್ ಈಸ್ಟ್ ಬೆಂಗಾಲ್ ಪರ ಆಡಿದ ಐವರು ಮುಂಚೂಣಿ ಆಟಗಾರರಲ್ಲಿ ಒಬ್ಬರು. ಆ ಐವರಿಗೆ ಬಂಗಾಳಿಗಳು ಇಟ್ಟ ಹೆಸರು 'ಪಂಚಪಾಂಡವರು'. ವೆಂಕಟೇಶ್, ಅಪ್ಪಾರಾವ್, ಧನರಾಜ್, ಸಾಲೇಹ್, ಅಹ್ಮದ್ ಖಾನ್. ಐದರಲ್ಲಿ ಬಂಗಾಳಿ ಒಬ್ಬನೂ ಇಲ್ಲ ನೋಡಿ. ಅವರಿದ್ದ ಕಾಲದಲ್ಲಿ ಕ್ಲಬ್ 1949, 1950, 1951 ಮೂರು ವರ್ಷ ಸತತ ಐಎಫ್‌ಎ ಶೀಲ್ಡ್ ಗೆದ್ದಿತು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ಎದುರು 2-1ರಿಂದ ಸೋತ ಭಾರತ ತಂಡದಲ್ಲೂ ಅಹ್ಮದ್ ಖಾನ್ ಇದ್ದರು. ಆ ತಂಡದ ಹೆಚ್ಚಿನವರು ಆಡಿದ್ದು ಬರಿಗಾಲಲ್ಲಿ. ನಮ್ಮ ಬಯಲಿನ ಹಾಗೆ ಅಲ್ಲಿ ಜಾಲಿಮುಳ್ಳು ಇರಲಿಲ್ಲ ಅನ್ನುವುದೊಂದೇ ಅನುಕೂಲ. ಇನ್ನೊಂದು: 1977ರ ಮೊಟ್ಟಮೊದಲ ಫೆಡರೇಷನ್ ಕಪ್ಪನ್ನು ಮೋಹನ್ ಬಗಾನ್ ವಿರುದ್ಧ 1-0ಯಿಂದ ಗೆದ್ದದ್ದು ಬೆಂಗಳೂರಿನ ಐಟಿಐ ಕಾರ್ಖಾನೆಯ ತಂಡ.

ಜಮ್ಶೀದ್ ಆಟ ಮುಗಿದ ಮೇಲೂ ಕೊಲ್ಕತ್ತಾ ಬಿಡಲಿಲ್ಲ. ಅಲ್ಲೇ ಮದುವೆಯಾದರು, ತರಬೇತುದಾರರಾದರು. ಕಿಯಾನ್ ಹುಟ್ಟಿದ್ದು ಅಲ್ಲೇ, 2000ದಲ್ಲಿ. ಮಜೀದ್ ಕತೆ ಬೇರೆ. ಇಬ್ಬರಲ್ಲಿ ದೊಡ್ಡ ಆಟಗಾರ ಅವರೇ ಅಂತ ನೋಡಿದವರು ಈಗಲೂ ಹೇಳುತ್ತಾರೆ. ಆದರೆ ಬದುಕು ಹಳಿ ತಪ್ಪಿತು, ಆಟ ಕುಂದಿತು, ಕಡೆಗೆ ಇರಾನಿಗೆ ಹಿಂತಿರುಗಿದರು. ಎಷ್ಟೋ ವರ್ಷ ಕೊಲ್ಕತ್ತಾದವರಿಗೆ ಅವರ ಸುದ್ದಿಯೇ ಇರಲಿಲ್ಲ. 2019ರ ಆಗಸ್ಟ್‌ನಲ್ಲಿ, ಕ್ಲಬ್ಬಿನ ನೂರನೇ ವರ್ಷದ ಸಂಭ್ರಮಕ್ಕೆ ಅವರನ್ನು ಕರೆಸಿದರು. ಕತ್ತಲಲ್ಲಿ ವಿಮಾನ ಇಳಿದರೆ ಹೊರಗೆ ಜನವೋ ಜನ. ಅವರ ಆಟ ಕಂಡೇ ಇರದ ಹುಡುಗರು ಸಹ 12ನೇ ನಂಬರಿನ ಅವರ ಹೆಸರು ಹಿಡಿದು ಕೂಗುತ್ತಿದ್ದರು.

ನಾವು ಬರೆಯಬೇಕೆಂದಿದ್ದು ಜಮ್ಶೀದ್ ಬಗ್ಗೆ. ಪರದೇಶದಿಂದ ಬಂದವನು ಆಡಿ ಆಡಿ ಆ ಊರಿನವನೇ ಆದ ಕತೆ, ಓದುಗರಿಗೂ ಹಿತ. ಗೋವಾ ಒಪ್ಪಲಿಲ್ಲ. "ಜಮ್ಶೀದ್‌ಗೇನಾಗೈತಿ, ಆರಾಮದಾನ. ನೀವು ಮಜೀದ್ ಬಗ್ಗೆ ಬರೀರಿ. ಕರದ್ರ ಬಂದ್ನಲ್ಲ, ಬಂದಾಗ ಜನ ಗುರುತು ಹಿಡದ್ರಲ್ಲ. ನನ್ನ ಯಾರು ಕರೀತಾರ ವಾಸ್ಕೋಕ್ಕ?" ನಮ್ಮಲ್ಲೊಬ್ಬ, ನೀನೇನು ಮಜೀದ್ ಅಷ್ಟು ದೊಡ್ಡ ಆಟಗಾರನೇ ಅಂತ ಕೇಳಿಬಿಟ್ಟ. ಕೇಳಬಾರದಿತ್ತು. ಎರಡು ವಾರ ಅವನು ನಮ್ಮ ಫೋನು ಎತ್ತಲಿಲ್ಲ.

ಅವನ ಆಟ ಎಷ್ಟು ಮೇಲಿತ್ತು ಅಂತ ಅಳೆಯಲು ನಮಗೆ ಬರುವುದಿಲ್ಲ. ಅಳೆಯುವವರ ಕಣ್ಣಿಗೆ ಅವನು ಬೀಳಲೇ ಇಲ್ಲ. ನಮ್ಮ ಕಡೆ ಹೈಸ್ಕೂಲಿನಲ್ಲಿ ಫುಟ್‌ಬಾಲ್ ತಂಡವೇ ಇರಲಿಲ್ಲ. ಓಡುತ್ತಾನೆ ಅಂತ ಅವನನ್ನು ಕಬಡ್ಡಿಗೆ ಹಾಕಿದರು. ಮೊದಲ ಮ್ಯಾಚಿನಲ್ಲೇ, ಹಿಡಿಯಲು ಬಂದವನನ್ನು ಕಾಲಿನಿಂದ ತಪ್ಪಿಸಿಕೊಂಡು ಅಂಕಣದಾಚೆ ಓಡಿ ಔಟಾದ. ಊರೆಲ್ಲ ನಕ್ಕಿತು. ನಾವೂ ನಕ್ಕಿದ್ದೆವು.

ಹೋದ ವರ್ಷ ಉಳ್ಳಾಗಡ್ಡಿಗೆ ರೇಟು ಬೀಳುತ್ತಿದ್ದಂತೆ ಅವನು ಹೊಲ ಪಾಲಿಗೆ ಕೊಟ್ಟು ಮತ್ತೆ ವಾಸ್ಕೋಗೆ ಹೊರಟ. ಅಪ್ಪನಿಗೆ ಈಗ ಸಾರ್ವೆ ಏರಲು ಆಗುವುದಿಲ್ಲ, ಮಗನೇ ಗೌಂಡಿ. ಕಳಿಸಲು ಗದಗ ಟೇಶನ್ನಿಗೆ ಹೋದೆವು. ವಾಸ್ಕೋಗೆ ಹೋಗುವ ಅಮರಾವತಿ ಎಕ್ಸ್‌ಪ್ರೆಸ್ ಹೊರಡುವುದು ಹೌರಾದಿಂದ. ಅಂದರೆ ಕೊಲ್ಕತ್ತಾದ ಗಾಡಿ ನಮ್ಮ ಗದುಗಿನ ಮೇಲೆ ಹಾದು ಗೋವಾಕ್ಕೆ ಹೋಗುತ್ತದೆ. ಇಷ್ಟು ದಿನ ಅದೇ ಗಾಡಿ ಹತ್ತಿ ಇಳಿದರೂ ಇದು ನಮ್ಮ ಲಕ್ಷ್ಯಕ್ಕೆ ಬಂದಿರಲಿಲ್ಲ.

ಜನರಲ್ ಡಬ್ಬಿ ಕಾಲಿಡಲೂ ಜಾಗವಿಲ್ಲದಂತೆ ತುಂಬಿತ್ತು, ಬಹಳಷ್ಟು ಜನ ಗೋವಾಕ್ಕೆ ಕೆಲಸಕ್ಕೆ ಹೊರಟ ಬಂಗಾಳದ ಹುಡುಗರು. ಗೋವಾ ಬಾಗಿಲಲ್ಲಿ ಒಂದು ಕಾಲು ಊರಿ, ಪಕ್ಕದ ಹುಡುಗನನ್ನು ಹಿಂದಿಯಲ್ಲಿ ಕೇಳಿದ, ಜಮ್ಶೀದ್ ಗೊತ್ತೇನು ಅಂತ. ಆ ಹುಡುಗ ತಲೆಯಾಡಿಸಿ, ಮೆಸ್ಸಿ ಗೊತ್ತು ಅಂದ. ಮಜೀದ್? ಅವನೂ ಗೊತ್ತಿಲ್ಲ. ಆದರೆ ಸರಿದು ಕೂತು ಬ್ಯಾಗಿಡಲು ಜಾಗ ಕೊಟ್ಟ.

ಗಾಡಿ ಹುಬ್ಬಳ್ಳಿ ದಾಟಿದ ಮೇಲೆ ಅವನ ಫೋನು ಬಂತು. ಚೆಂಡು ಆಯಿಯ ಮನೆಯ ಅಟ್ಟದ ಮೇಲಿದೆಯಂತೆ. ಬ್ಲಾಡರಿಗೆ ತೇಪೆ ಹಾಕಿಸಿ ಶಾಲೆಯ ಹುಡುಗರಿಗೆ ಕೊಡಬೇಕಂತೆ. ಸೈಕಲ್ ಅಂಗಡಿಯವನಿಗೆ ಹಿಂದಿನ ನಲವತ್ತು ರೂಪಾಯಿ ಬಾಕಿ ಇದೆ, ಅದನ್ನೂ ನಾವೇ ಕೊಡಬೇಕಂತೆ.