ಹಲವು ಜೆರ್ಸಿ, ಒಂದೇ ಆಟ



ಅಕ್ಟೋಬರ್ 12 ಎಂದರೆ ನಮಗೆಲ್ಲ ಮೊದಲು ನೆನಪಾಗುವುದು ಕಾರ್ಲೊ ಅಕ್ಯುಟಿಸ್. 2006ರ ಆ ದಿನ, 15ನೇ ವಯಸ್ಸಿನಲ್ಲಿ, ಅವನು ದೇವರ ಬಳಿ ಸೇರಿದ. 2020ರ ಅಕ್ಟೋಬರ್ 10ರಂದು ಅವನನ್ನು ಪುನೀತನೆಂದು ಘೋಷಿಸಿದಾಗ ಜಗತ್ತಿನ ಯುವಜನರೆಲ್ಲ ಸಂತೋಷಪಟ್ಟರು. ಅದಾಗಿ ಎರಡೇ ದಿನಕ್ಕೆ, ಅಕ್ಟೋಬರ್ 12ರ ಸೋಮವಾರ ಬೆಳಗಿನ ಜಾವ, ಬೆಂಗಳೂರಿನ ಆಸ್ಪತ್ರೆಯೊಂದರಲ್ಲಿ ಕಾರ್ಲ್‌ಟನ್ ಚಾಪ್‌ಮನ್ ಎಂಬ ಫುಟ್‌ಬಾಲ್ ಆಟಗಾರ ಹೃದಯಾಘಾತದಿಂದ ತೀರಿಕೊಂಡರು. ವಯಸ್ಸು 49. ಕೊರೊನಾ ಕಾಲವಾದ್ದರಿಂದ ಈ ಸುದ್ದಿ ನಮ್ಮ ಬೆಟ್ಟದ ಕಡೆ ಅಷ್ಟಾಗಿ ಯಾರಿಗೂ ತಲುಪಲಿಲ್ಲ. ಚಾಪ್‌ಮನ್ ಯಾರು ಎಂದು ಇಂದು ನಮ್ಮ ಹುಡುಗರನ್ನು ಕೇಳಿದರೆ ಹತ್ತರಲ್ಲಿ ಒಂಬತ್ತು ಜನ ತಲೆ ಅಲ್ಲಾಡಿಸುತ್ತಾರೆ. ಮೆಸ್ಸಿ ಗೊತ್ತು, ರೊನಾಲ್ಡೊ ಗೊತ್ತು. ನಮ್ಮ ಭಾಷೆಯ ರಾಜ್ಯದಿಂದ ಹೋಗಿ ಭಾರತ ತಂಡದ ನಾಯಕನಾದವರು ಗೊತ್ತಿಲ್ಲ.

ಈ ತಿಂಗಳು ನಾವು ಅವರ ಬಗ್ಗೆ ಬರೆಯಲು ಒಂದು ಕಾರಣವಿದೆ.

ಕ್ರಿಸ್‌ಮಸ್ ತಯಾರಿಗೆಂದು ಯುವಕೂಟ ಸೇರಿದಾಗ ಹೆಸರಿನ ಪಟ್ಟಿ ಬರೆಯಲು ಕುಳಿತೆವು. ಕ್ಯಾರಲ್ಸ್‌ಗೆ ಯಾರು, ನಾಟಕಕ್ಕೆ ಯಾರು, ವರ್ಷಕ್ಕೊಮ್ಮೆ ಆಡುವ ಪಂದ್ಯಕ್ಕೆ ಯಾರು ಎಂದು. ಬರೆದ ಹೆಸರುಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವರು ಊರಿನಲ್ಲಿಲ್ಲ. ಕೆಲವರು ತಿರುಪ್ಪೂರಿನ ಬನಿಯನ್ ಕಂಪನಿಗಳಲ್ಲಿ, ಕೆಲವರು ಕೊಯಮತ್ತೂರಿನಲ್ಲಿ, ಇನ್ನು ಕೆಲವರು ಮೈಸೂರು ಬೆಂಗಳೂರಿನಲ್ಲಿ. ಆಗ ಒಬ್ಬರು ನೇರವಾಗಿ ಕೇಳಿದರು: "ವರ್ಷವೆಲ್ಲ ದೇವಾಲಯ ಗುಡಿಸೋರು, ಪೂಜೆಗೆ ಹಾಡೋರು ನಾವು. ಹಬ್ಬದ ದಿನ ಬಂದು ಕ್ಯಾಪ್ಟನ್ ಆಗೋರು ಅವರಾ?" ಕೇಳಿದವರಲ್ಲಿ ಕೆಟ್ಟ ಮನಸ್ಸಿರಲಿಲ್ಲ. ಆ ಮಾತಿನಲ್ಲಿ ದಣಿವಿತ್ತು, ನ್ಯಾಯವೂ ಇತ್ತು. ಆದರೆ ಅದೇ ವಾರ ತಿರುಪ್ಪೂರಿನಿಂದ ಫೋನ್ ಮಾಡಿದ ನಮ್ಮ ಅಣ್ಣನೊಬ್ಬ ಹೇಳಿದ್ದೇ ಬೇರೆ: "ಇಲ್ಲಿ ಎಲ್ಲರಿಗೂ ನಾನು ತಾಳವಾಡಿಯವನು. ಅಲ್ಲಿಗೆ ಬಂದರೆ ತಿರುಪ್ಪೂರಿನವನು. ನಾನು ಎಲ್ಲಿಯವನು ಅಂತ ನನಗೇ ಗೊತ್ತಾಗ್ತಿಲ್ಲ." ಎರಡು ವರ್ಷದಿಂದ ಅವನಿಗೆ ಕ್ರಿಸ್‌ಮಸ್‌ಗೆ ರಜೆ ಸಿಕ್ಕಿಲ್ಲ. ಈ ಸಲ ರಜೆ ಸಿಕ್ಕರೂ ಬರುವುದೋ ಬೇಡವೋ ಎಂದು ಯೋಚಿಸುತ್ತಿದ್ದಾನೆ.

ಊರು ಬಿಟ್ಟು ಹೋದವರು ಇನ್ನೂ ನಮ್ಮವರೇ? ಊರಿಂದೂರಿಗೆ ಹೋಗುತ್ತಾ ದುಡಿಯುವವರಿಗೆ ನಿಷ್ಠೆ ಎಂದರೆ ಏನು? ಈ ಪ್ರಶ್ನೆಗಳನ್ನು ಇಟ್ಟುಕೊಂಡು ಚಾಪ್‌ಮನ್ ಅವರ ಬದುಕನ್ನು ನೋಡೋಣ.

ಅವರು ಹುಟ್ಟಿದ್ದು 1971ರ ಏಪ್ರಿಲ್ 13ರಂದು, ಬೆಂಗಳೂರಿನಲ್ಲಿ. ಅಲ್ಲಿಯೇ ಆಟ ಕಲಿತು, ಹತ್ತೊಂಬತ್ತರ ಹೊತ್ತಿಗೆ ಮನೆ ಬಿಟ್ಟು ಜೆಮ್‌ಷೆಡ್‌ಪುರಕ್ಕೆ ಹೋದರು. ಅಲ್ಲಿ 1987ರಲ್ಲಿ ಶುರುವಾಗಿದ್ದ ಟಾಟಾ ಫುಟ್‌ಬಾಲ್ ಅಕಾಡೆಮಿ ದೇಶದ ಮೂಲೆಮೂಲೆಯಿಂದ ಹುಡುಗರನ್ನು ಆರಿಸಿ, ಊಟ ವಸತಿ ಕೊಟ್ಟು ತರಬೇತಿ ನೀಡುತ್ತಿತ್ತು. ನಮ್ಮಲ್ಲಿ ಹಾಸ್ಟೆಲ್ಲಿಗೆ ಸೇರಿದವರಿಗೆ ಆ ಮೊದಲ ತಿಂಗಳುಗಳು ಹೇಗಿರುತ್ತವೆ ಎಂದು ಹೇಳಬೇಕಿಲ್ಲ.

1993ರಲ್ಲಿ ಅವರು ಕೋಲ್ಕತ್ತದ ಈಸ್ಟ್ ಬೆಂಗಾಲ್ ಸೇರಿದರು. ಆ ವರ್ಷವೇ ಏಷ್ಯನ್ ಕಪ್ ವಿನ್ನರ್ಸ್ ಕಪ್‌ನಲ್ಲಿ ಇರಾಕಿನ ಅಲ್ ಜವ್ರಾ ತಂಡದ ಮೇಲೆ ಈಸ್ಟ್ ಬೆಂಗಾಲ್ 6-2ರಿಂದ ಗೆದ್ದಾಗ ಚಾಪ್‌ಮನ್ ಮೂರು ಗೋಲು ಹೊಡೆದರು. ಇರಾಕ್ ಎಂದರೆ ಏಷ್ಯಾದಲ್ಲಿ ದೊಡ್ಡ ಹೆಸರು. ಅಂಥ ದೇಶದ ತಂಡದ ಮೇಲೆ ಹ್ಯಾಟ್ರಿಕ್ ಮಾಡಿದ 22ರ ಹುಡುಗ, ಅದೂ ಮಿಡ್‌ಫೀಲ್ಡರ್.

1995ರಲ್ಲಿ ಪಂಜಾಬಿನ ಫಗ್ವಾರಕ್ಕೆ ಹೋದರು. ಅಲ್ಲಿನ ಜೆಸಿಟಿ ಎಂಬುದು ಒಂದು ಬಟ್ಟೆ ಗಿರಣಿಯ ತಂಡ. ತಿರುಪ್ಪೂರಿಗೆ ಹೋಗುವ ನಮ್ಮವರಿಗೆ ಇದು ಹತ್ತಿರದ ಮಾತು ಅನಿಸಬಹುದು: ನೂಲು, ಮಗ್ಗ, ಶಿಫ್ಟು, ಅದರ ಜೊತೆಗೊಂದು ಫುಟ್‌ಬಾಲ್ ತಂಡ. ಅಲ್ಲಿ ಮೂವರು ಒಟ್ಟಾದರು. ಚಿಕ್ಕಂದಿನಲ್ಲಿ ತ್ರಿಶೂರಿನ ಸ್ಟೇಡಿಯಂನಲ್ಲಿ ಸೋಡಾ ಮಾರುತ್ತಿದ್ದ ಐ.ಎಂ. ವಿಜಯನ್, ಸಿಕ್ಕಿಂ ಬೆಟ್ಟದಿಂದ ಇಳಿದು ಬಂದ ಬೈಚುಂಗ್ ಭುಟಿಯಾ, ಬೆಂಗಳೂರಿನ ಕಾರ್ಲ್‌ಟನ್ ಚಾಪ್‌ಮನ್. ಮೂವರ ಭಾಷೆ ಬೇರೆ, ಊಟ ಬೇರೆ. ಮೈದಾನದಲ್ಲಿ ಮಾತ್ರ ಒಬ್ಬರ ಮನಸ್ಸು ಇನ್ನೊಬ್ಬರಿಗೆ ತಿಳಿಯುತ್ತಿತ್ತು. ಚಾಪ್‌ಮನ್ ಇದ್ದ ಕಾಲದಲ್ಲಿ ಜೆಸಿಟಿ 14 ಪ್ರಶಸ್ತಿಗಳನ್ನು ಗೆದ್ದಿತು. ದೇಶದ ಮೊದಲ ನ್ಯಾಷನಲ್ ಫುಟ್‌ಬಾಲ್ ಲೀಗ್ 1996-97ರಲ್ಲಿ ನಡೆದಾಗ ಅದನ್ನು ಗೆದ್ದದ್ದೂ ಅದೇ ತಂಡ. ಆ ಲೀಗ್‌ನಲ್ಲಿ ಅತಿ ಹೆಚ್ಚು ಗೋಲು ಹೊಡೆದವರು ಭುಟಿಯಾ, ಒಟ್ಟು 14.

ಗೋಲಿನ ಲೆಕ್ಕ ಹೀಗೆ ಎಲ್ಲ ಕಡೆ ಸಿಗುತ್ತದೆ. ಆ ಗೋಲುಗಳಿಗೆ ಚೆಂಡು ಎಲ್ಲಿಂದ ಬಂತು ಎಂಬ ಲೆಕ್ಕವನ್ನು ಆಗ ಯಾರೂ ಅಷ್ಟಾಗಿ ಬರೆದಿಡುತ್ತಿರಲಿಲ್ಲ. ಮಿಡ್‌ಫೀಲ್ಡರ್ ಕೆಲಸವೇ ಹಾಗೆ. ಹಿಂದಿನಿಂದ ಬಂದ ಚೆಂಡನ್ನು ತೆಗೆದುಕೊಳ್ಳಬೇಕು, ಎದುರಾಳಿ ಮೈಮೇಲೆ ಬೀಳುವ ಮೊದಲು ತಲೆಯೆತ್ತಿ ನೋಡಬೇಕು, ಮುಂದೆ ಓಡುತ್ತಿರುವವನ ಕಾಲಿಗೆ ಮುಟ್ಟಿಸಬೇಕು. ಚೆಂಡು ಕಳೆದುಹೋದರೆ ವಾಪಸ್ ಓಡಿ ಅದನ್ನು ಕಸಿದುಕೊಳ್ಳಬೇಕು. ಇಡೀ ಮೈದಾನದಲ್ಲಿ ಹೆಚ್ಚು ಓಡುವವನು ಸಾಮಾನ್ಯವಾಗಿ ಅವನೇ. ಚಪ್ಪಾಳೆ ಮಾತ್ರ ಮುಂದೆ ನಿಂತವನಿಗೆ.

ಮನೆಗೆ ಹಣ ಕಳುಹಿಸುವ ನಮ್ಮ ಅಕ್ಕಂದಿರು, ಅಣ್ಣಂದಿರು ಮಾಡುತ್ತಿರುವುದೂ ಇದನ್ನೇ ಅಲ್ಲವೇ? ತಂಗಿ ನರ್ಸಿಂಗ್ ಮುಗಿಸಿದಾಗ ಫೋಟೋ ತಂಗಿಯದು. ಫೀಸು ಕಟ್ಟಿದ ಅಕ್ಕ ಆ ಹೊತ್ತಿಗೆ ಹೊಲಿಗೆ ಮಿಷಿನ್ ಮುಂದೆ ಇರುತ್ತಾಳೆ. ಆಲೂಗಡ್ಡೆಗೂ ಕೋಸಿಗೂ ಬೆಲೆ ಬೀಳುವ ವರ್ಷ, ಆನೆ ನುಗ್ಗಿ ರಾಗಿ ಹೊಲ ತುಳಿದ ವರ್ಷ, ಮನೆ ನಿಂತದ್ದು ಘಟ್ಟದ ಕೆಳಗಿನಿಂದ ಬಂದ ದುಡ್ಡಿನಿಂದ.

1997ರಲ್ಲಿ ಕಾಠ್ಮಂಡುವಿನಲ್ಲಿ ಸ್ಯಾಫ್ ಕಪ್ ನಡೆಯಿತು. ಚಾಪ್‌ಮನ್ ನಾಯಕತ್ವದ ಭಾರತ ತಂಡ ಫೈನಲ್‌ನಲ್ಲಿ ಮಾಲ್ಡೀವ್ಸ್ ತಂಡವನ್ನು 5-1ರಿಂದ ಸೋಲಿಸಿತು. ಅದೇ ವರ್ಷ ಅವರು ಹೊಸದಾಗಿ ಶುರುವಾದ ಎಫ್‌ಸಿ ಕೊಚ್ಚಿನ್ ಸೇರಿದರು. ಪಂಜಾಬಿನ ಚಳಿಯಿಂದ ಕೇರಳದ ಕಡಲ ತೀರಕ್ಕೆ. ಆ ವರ್ಷ ಕೊಚ್ಚಿನ್ ತಂಡ ಡ್ಯುರಾಂಡ್ ಕಪ್ ಗೆದ್ದಿತು. ಕೇರಳದ ತಂಡವೊಂದು ಅದನ್ನು ಗೆದ್ದದ್ದು ಅದೇ ಮೊದಲು. ಅಲ್ಲಿ ಅವರು ಇದ್ದದ್ದು ಒಂದೇ ಸೀಸನ್.

1998ರಲ್ಲಿ ಅವರು ಮತ್ತೆ ಈಸ್ಟ್ ಬೆಂಗಾಲ್‌ಗೆ ಮರಳಿದರು. ನಮ್ಮ ಪ್ರಶ್ನೆಗೆ ಇಲ್ಲಿ ಒಂದು ಉತ್ತರವಿದೆ, ಹಾಗಾಗಿ ಸ್ವಲ್ಪ ನಿಂತು ನೋಡಬೇಕು. ಮೂರು ವರ್ಷ ಬೇರೆ ತಂಡಗಳ ಜೆರ್ಸಿ ಹಾಕಿ, ಬೇರೆಯವರಿಗೆ ಕಪ್ಪು ಗೆದ್ದುಕೊಟ್ಟು ಬಂದ ಆಟಗಾರನಿಗೆ "ನೀನು ಬಿಟ್ಟು ಹೋದವನು" ಎಂದು ಆ ತಂಡ ಬಾಗಿಲು ಹಾಕಲಿಲ್ಲ. ಒಳಗೆ ಕರೆದುಕೊಂಡಿತು. ಮುಂದೆ ನಾಯಕನ ಪಟ್ಟಿಯನ್ನೂ ಕೊಟ್ಟಿತು. 2000-01ರಲ್ಲಿ ಈಸ್ಟ್ ಬೆಂಗಾಲ್ ನ್ಯಾಷನಲ್ ಲೀಗ್ ಗೆದ್ದದ್ದು ಆ ಮರಳಿ ಬಂದವರ ನಾಯಕತ್ವದಲ್ಲಿ.

ಈಸ್ಟ್ ಬೆಂಗಾಲ್ ಹಾಗೆ ಮಾಡಿದ್ದು ನಮಗೆ ಆಶ್ಚರ್ಯವೆನಿಸುವುದಿಲ್ಲ. 1920ರಲ್ಲಿ ಹುಟ್ಟಿದ ಆ ಕ್ಲಬ್ಬನ್ನು ತಮ್ಮ ಮನೆಯಂತೆ ಕಂಡವರಲ್ಲಿ ಬಹಳ ಮಂದಿ ದೇಶ ವಿಭಜನೆಯಾದಾಗ ಪೂರ್ವ ಬಂಗಾಳದ ಮನೆ, ಹೊಲ, ಕೆರೆ ಎಲ್ಲ ಬಿಟ್ಟು ಕೋಲ್ಕತ್ತಕ್ಕೆ ಬಂದವರು. ಕಳೆದುಕೊಂಡ ಊರಿನ ಹೆಸರು ಅವರಿಗೆ ಒಂದು ಫುಟ್‌ಬಾಲ್ ತಂಡದಲ್ಲಿ ಉಳಿದಿತ್ತು. ಊರು ಬಿಟ್ಟವರ ನೋವು ಊರು ಬಿಟ್ಟವರಿಗೆ ತಿಳಿಯುತ್ತದೆ.

2001ರಲ್ಲಿ, 30ನೇ ವಯಸ್ಸಿಗೆ, ಚಾಪ್‌ಮನ್ ಆಟ ನಿಲ್ಲಿಸಿದರು. ನಮ್ಮಲ್ಲಿ ಅನೇಕರಿಗೆ ಮದುವೆಯ ಮಾತು ಶುರುವಾಗುವ ವಯಸ್ಸು ಅದು. ಅವರ ಒಂದು ಬದುಕು ಅಲ್ಲಿಗೆ ಮುಗಿಯಿತು, ಇನ್ನೊಂದು ಶುರುವಾಯಿತು. ತಾವು ಕಲಿತ ಟಾಟಾ ಅಕಾಡೆಮಿಯಲ್ಲೇ ಹುಡುಗರಿಗೆ ಕಲಿಸಿದರು. ಶಿಲ್ಲಾಂಗಿನ ರಾಯಲ್ ವಾಹಿಂಗ್‌ಡೊ ತಂಡಕ್ಕೆ ಕೋಚ್ ಆದರು. ಕೊನೆಯಲ್ಲಿ ಕಲ್ಲಿಕೋಟೆಯ ಒಂದು ಅಕಾಡೆಮಿಯಲ್ಲಿ ಮಕ್ಕಳ ತರಬೇತಿಯ ಹೊಣೆ ಹೊತ್ತಿದ್ದರು. ಅಂದರೆ ಸಾಯುವವರೆಗೂ ಅದೇ ಕೆಲಸ: ತಮಗೆ ಬಂದ ಚೆಂಡನ್ನು ಮುಂದಿನವರಿಗೆ ಕೊಡುವುದು.

ಅವರು ತೊಟ್ಟ ಜೆರ್ಸಿಗಳ ಕಥೆ ಏನಾಯಿತು? ಎಫ್‌ಸಿ ಕೊಚ್ಚಿನ್ 2002ರಲ್ಲಿ ಮುಚ್ಚಿಹೋಯಿತು. ಜೆಸಿಟಿ ತಂಡವನ್ನು 2011ರಲ್ಲಿ ವಿಸರ್ಜಿಸಿದರು. ಅವರು ಗೆದ್ದ ನ್ಯಾಷನಲ್ ಲೀಗ್ ಕೂಡ 2007ರಲ್ಲಿ ನಿಂತು, ಆ ಜಾಗಕ್ಕೆ ಐ-ಲೀಗ್ ಬಂತು. ಕಂಪನಿ ಬರುತ್ತದೆ, ಹೋಗುತ್ತದೆ. ಐಡಿ ಕಾರ್ಡಿನ ಬಣ್ಣ ಬದಲಾಗುತ್ತದೆ. ನಾವು ಯಾರು ಎಂಬುದನ್ನು ಆ ಕಾರ್ಡಿಗೆ ಕಟ್ಟಿಹಾಕಿದರೆ ಕಂಪನಿ ಮುಚ್ಚಿದ ದಿನ ನಾವೂ ಇಲ್ಲವಾಗುತ್ತೇವೆ. ಯಾರ ತಂಡದಲ್ಲಿದ್ದರೂ ಮನಸ್ಸಿಟ್ಟು ಆಡಿದ್ದು ಮಾತ್ರ ಉಳಿಯುತ್ತದೆ.

ಇದನ್ನು ಓದುವಾಗ ನಮಗೆ ಸಂತ ಪೌಲರು ನೆನಪಾದರು. ಅವರೂ ಊರಿಂದೂರಿಗೆ ಹೋದವರೇ, ಕೈಯಲ್ಲಿ ಕಸುಬು ಇದ್ದವರೇ. ಕೊರಿಂಥಕ್ಕೆ ಹೋದಾಗ ಅಕ್ವಿಲ ಮತ್ತು ಪ್ರಿಸ್ಕಿಲ ಎಂಬ ದಂಪತಿಯ ಮನೆಯಲ್ಲಿ ಉಳಿದರು. ಆ ದಂಪತಿಯೂ ರೋಮಿನಿಂದ ಹೊರಹಾಕಲ್ಪಟ್ಟು ಬಂದವರು. ಮೂವರದೂ ಗುಡಾರ ಮಾಡುವ ಕೆಲಸ. ವಾರವೆಲ್ಲ ಹೊಲಿದು, ಸಬ್ಬತ್ ದಿನ ಪ್ರಾರ್ಥನಾ ಮಂದಿರದಲ್ಲಿ ದೇವರ ವಾಕ್ಯ ಹೇಳುತ್ತಾ ಪೌಲರು ಅಲ್ಲಿ ಒಂದೂವರೆ ವರ್ಷ ಇದ್ದರು. ಬಾಡಿಗೆ ಮನೆ, ಹೊಲಿಗೆ ಕೆಲಸ, ಭಾನುವಾರದ ಪೂಜೆ: ತಿರುಪ್ಪೂರಿನಲ್ಲಿರುವ ನಮ್ಮವರ ಬದುಕಿಗೂ ಪೌಲರ ಬದುಕಿಗೂ ಇಷ್ಟೊಂದು ಹೋಲಿಕೆ ಇದೆ ಎಂದು ನಾವು ಮೊದಲು ಗಮನಿಸಿರಲಿಲ್ಲ. ಕೊರಿಂಥದಲ್ಲಿದ್ದಾಗ ಅವರು ಪೂರ್ತಿಯಾಗಿ ಕೊರಿಂಥದವರಿಗಾಗಿ ಇದ್ದರು. ಎಫೆಸಕ್ಕೆ ಹೋದಾಗ ಎಫೆಸದವರಿಗಾಗಿ. ಬಿಟ್ಟು ಬಂದ ಸಭೆಗಳನ್ನು ಮರೆಯಲಿಲ್ಲ. ಪತ್ರ ಬರೆಯುತ್ತಲೇ ಇದ್ದರು. ಆ ಸಭೆಗಳೂ ಅವರನ್ನು ಮರೆಯಲಿಲ್ಲ.

ಘಟ್ಟ ಇಳಿದು ಹೋಗಿರುವ ಅಣ್ಣಂದಿರೇ, ಅಕ್ಕಂದಿರೇ, ನಿಮಗೆ ನಮ್ಮ ಒಂದು ಮಾತು. ಈಗ ಇರುವ ಊರಿನಲ್ಲಿ ಲೆಕ್ಕಕ್ಕಿಲ್ಲದವರಂತೆ ಇರಬೇಡಿ. ಅಲ್ಲಿನ ದೇವಾಲಯದಲ್ಲಿ ಪೂಜೆ ಮುಗಿದ ತಕ್ಷಣ ಹಿಂದಿನ ಬಾಗಿಲಿನಿಂದ ಹೊರಟುಬಿಡಬೇಡಿ. ಗುರುಗಳನ್ನು ಕಂಡು ಹೆಸರು ಹೇಳಿ. ತಮಿಳಿನಲ್ಲಿ ಹಾಡಲು ಬರುತ್ತದಲ್ಲ, ಗಾಯನವೃಂದಕ್ಕೆ ಸೇರಿ. ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ತಮಿಳು ಕಲಿತು ಬೆಳೆದ ನಮಗೆ ಎರಡು ಕಡೆ ಬದುಕುವುದು ಹೊಸದೇನಲ್ಲ. ಎರಡು ವರ್ಷಕ್ಕೆ ಬಿಟ್ಟು ಹೋಗುವ ಊರಾದರೂ ಇರುವಷ್ಟು ದಿನ ಅದು ನಿಮ್ಮ ತಂಡ.

ಊರಿನಲ್ಲಿರುವ ನಮಗೂ ಒಂದು ಹೊಣೆಯಿದೆ. ದೇವಾಲಯ ಗುಡಿಸುವವರ ದಣಿವು ನಿಜ. ಅದಕ್ಕೆ ಬೆಲೆ ಇದೆ, ಅದನ್ನು ಹಬ್ಬದ ದಿನ ಎಲ್ಲರೆದುರು ಹೇಳಬೇಕು. ಆದರೆ ಹೆಸರು ಹೊಡೆದುಹಾಕಿದ ಪಟ್ಟಿಯನ್ನು ನೋಡಿದವನು ಮತ್ತೆ ಬಸ್ಸು ಹತ್ತುವುದಿಲ್ಲ. ದಿಂಬಂನ 27 ತಿರುವು, ಕತ್ತಲಾದ ಮೇಲೆ ವಾಹನಗಳಿಗಿರುವ ನಿರ್ಬಂಧ, ಸಿಗದ ರಜೆ, ಇಷ್ಟು ಅಡ್ಡಿಗಳೇ ಸಾಕು. ನಾವೂ ಒಂದು ಅಡ್ಡಿಯಾಗುವುದು ಬೇಡ.

ಯುವಕೂಟದಲ್ಲಿ ಕೊನೆಗೆ ತೀರ್ಮಾನವಾದದ್ದು ಇಷ್ಟು. ಪಟ್ಟಿಯಿಂದ ಯಾರ ಹೆಸರನ್ನೂ ತೆಗೆಯುವುದಿಲ್ಲ. ಹೊರಗಿರುವ ಒಬ್ಬೊಬ್ಬರಿಗೂ ಊರಿನಲ್ಲಿರುವ ಒಬ್ಬೊಬ್ಬರು ತಿಂಗಳಿಗೊಮ್ಮೆ ಫೋನ್ ಮಾಡುತ್ತಾರೆ, ದುಡ್ಡಿನ ಮಾತು ಬಿಟ್ಟು ಬೇರೆ ಮಾತಾಡಲು. ಪಂದ್ಯದ ನಾಯಕತ್ವ ಈ ಸಲ ಊರಿನವರಿಗೆ. ಬಂದವರು ಯಾರೇ ಆಗಲಿ, ತಡವಾಗಿ ಬಂದರೂ, ತಂಡದಲ್ಲಿ ಜಾಗ ಇರುತ್ತದೆ. ಎಲ್ಲರಿಗೂ ಪೂರ್ತಿ ಸಮಾಧಾನವಾಯಿತು ಎಂದು ಹೇಳಲಾರೆವು. ಪ್ರಶ್ನೆ ಕೇಳಿದವರೇ ಆ ತಿರುಪ್ಪೂರಿನ ಅಣ್ಣನಿಗೆ ಫೋನ್ ಮಾಡುವ ಜವಾಬ್ದಾರಿ ತೆಗೆದುಕೊಂಡರು ಎಂಬುದು ಮಾತ್ರ ನಮಗೆ ಸಂತೋಷ ತಂದಿತು.

ತಂದೆತಾಯಂದಿರೇ, ಈ ಅಕ್ಟೋಬರ್ ಜಪಸರದ ತಿಂಗಳು. ಸಂಜೆ ಜಪಸರ ಮುಗಿಸುವಾಗ ಹೊರಗಿರುವ ನಮ್ಮ ಮಕ್ಕಳಿಗಾಗಿ ಒಂದು ಪ್ರಣಾಮವನ್ನು ಸೇರಿಸಿ. ಹೆಸರು ಹಿಡಿದು ಹೇಳಿ.

ಪ್ರಭು ಯೇಸುವೇ, ಮಗುವಾಗಿದ್ದಾಗಲೇ ಊರು ಬಿಟ್ಟು ಈಜಿಪ್ಟಿಗೆ ಹೋದವರು ನೀವು. ಊರು ಬಿಟ್ಟವರನ್ನು ಕಾಯಿರಿ. ಊರಿನಲ್ಲಿ ಉಳಿದವರ ಮನೆಯ ಬಾಗಿಲು ತೆರೆದೇ ಇರಲಿ. ನಮ್ಮ ಪಾಲಿಗೆ ಬಂದ ಚೆಂಡನ್ನು ಬಚ್ಚಿಟ್ಟುಕೊಳ್ಳದೆ ಮುಂದಿನವರಿಗೆ ಕೊಡುವ ಮನಸ್ಸನ್ನು ನಮಗೆ ಕೊಡಿರಿ. ಆಮೆನ್.